ಅಂದ ಮಾತು, ಅನ್ನದ ಮಾತು

ಸಾವಿನ ಮನೆಗೆ ಹೋದಾಗ ಏನು ಮಾತಾಡಬೇಕೆಂದು ಕ್ಯಾತನಹಳ್ಳಿಯಲ್ಲಿ ಚಲುವಮ್ಮನಿಗೆ ಗೊತ್ತಿದ್ದಷ್ಟು ಬೇರೆ ಯಾರಿಗೂ ಗೊತ್ತಿರಲಿಲ್ಲ. ಸೀದಾ ಒಳಗೆ ಹೋಗಿ, ಗಂಡನನ್ನೋ ಮಗನನ್ನೋ ಕಳೆದುಕೊಂಡವಳ ಪಕ್ಕ ಕೂತು, ತೊಡೆಯ ಮೇಲೆ ಕೈಯಿಟ್ಟು, ‘ಯಾರ ತಪ್ಪೂ ಇಲ್ಲ ಕಣವ್ವ, ಅಣೇಲಿ ಬರ್ದಿತ್ತು’ ಅನ್ನುತ್ತಿದ್ದಳು. ಅಷ್ಟೇ. ಅದೇ ಮಾತನ್ನು ನಾನೂ ಹೇಳಿ ನೋಡಿದ್ದೇನೆ, ಪುಸ್ತಕ ಓದಿದ ಹಾಗೆ ಕೇಳಿಸುತ್ತದೆ. ಅವಳು ಹೇಳಿದರೆ ಅಳು ತಡೆದುಕೊಂಡವರು ಅಳುತ್ತಿದ್ದರು, ಅತ್ತು ಸುಸ್ತಾದವರು ಒಂದು ಲೋಟ ಕಾಫಿ ಕುಡಿಯುತ್ತಿದ್ದರು.

ನಾವಿಬ್ಬರೂ ಒಂದೇ ಬೀದಿಯಲ್ಲಿ ಬೆಳೆದವರು. ನಾನು ಓದಿ ಟೀಚರಾದೆ. ಅವಳು ನಾಲ್ಕನೇ ಕ್ಲಾಸಿಗೆ ಸ್ಕೂಲು ಬಿಟ್ಟಳು, ಮದುವೆಯಾದ ಮೇಲೆ ಹಸು ಕಟ್ಟಿ ಡೇರಿಗೆ ಹಾಲು ಹಾಕಿದಳು. ‘ನೀನು ಮಕ್ಳು ಕಾಯ್ತೀಯ, ನಾನು ದನ ಕಾಯ್ತೀನಿ. ನನ್ವು ಆಲಾದ್ರೂ ಕೊಡ್ತವೆ’ ಎಂದು ಕಿಚಾಯಿಸುತ್ತಿದ್ದಳು.

ತೊಂಬತ್ತೊಂದರಲ್ಲಿ, ಕಬ್ಬು ಕಡಿಯುವ ಕಾಲ. ಗಂಡ ಚಿಕ್ಕಸ್ವಾಮಿಯ ಮೊಪೆಡ್ಡಿನ ಹಿಂದೆ ಕೂತು ಅವಳು ಪಾಂಡವಪುರದಿಂದ ಊರಿಗೆ ಬರುತ್ತಿದ್ದಳು. ಎದುರಿನಿಂದ ಬಂದ ಖಾಸಗಿ ಬಸ್ಸೊಂದು ಕಬ್ಬಿನ ಗಾಡಿಯನ್ನು ಹಿಂದೆ ಹಾಕಲು ಹೋಗಿ ಇವರಿಗೆ ಗುದ್ದಿತು. ಚಲುವಮ್ಮ ಗದ್ದೆಗೆ ಬಿದ್ದು, ಸೊಂಟ ಮುರಿದುಕೊಂಡು ಉಳಿದಳು. ಅಂಥ ಹೊತ್ತಿನಲ್ಲಿ ಡ್ರೈವರುಗಳು ಬಸ್ಸು ಬಿಟ್ಟು ಓಡಿಹೋಗುವುದು ವಾಡಿಕೆ. ಈ ಡ್ರೈವರು ತಿಮ್ಮರಾಜು, ಬಿಂಡಿಗನವಿಲೆ ಕಡೆಯ ಹುಡುಗ, ಓಡಲಿಲ್ಲ. ಇಬ್ಬರನ್ನೂ ಅದೇ ಬಸ್ಸಿನಲ್ಲಿ ಮಲಗಿಸಿಕೊಂಡು ಆಸ್ಪತ್ರೆಗೆ ತಂದ. ಚಿಕ್ಕಸ್ವಾಮಿಯ ಜೀವ ದಾರಿಯಲ್ಲೇ ಹೋಗಿತ್ತು.

ಸುದ್ದಿ ತಿಳಿದು ಬಂದ ನಮ್ಮೂರಿನವರು ಆಸ್ಪತ್ರೆಯ ಬಾಗಿಲಲ್ಲೇ ತಿಮ್ಮರಾಜುವನ್ನು ಹಿಡಿದು ಹೊಡೆಯತೊಡಗಿದರು. ಹೊಡೆತ ನಿಲ್ಲುವ ಹಾಗೆ ಕಾಣಲಿಲ್ಲ. ಚಲುವಮ್ಮ ತನ್ನನ್ನು ಮಲಗಿಸಿದ್ದ ಕಡೆಯಿಂದಲೇ ಕೂಗಿದಳು: ‘ಬುಡ್ರಪ್ಪ, ಸತ್ತೋಯ್ತನೆ. ಅವನ್ದೇನೂ ತಪ್ಪಿಲ್ಲ. ನನ್ನ ಅಣೇಲಿ ಬರ್ದಿತ್ತು.’

ಎತ್ತಿದ ಕೈಗಳು ಇಳಿದವು. ಪಕ್ಕದಲ್ಲಿದ್ದ ಪೊಲೀಸಿನವನು ಆ ಮಾತನ್ನೇ ಅವಳ ಹೇಳಿಕೆ ಎಂದು ಬರೆದುಕೊಂಡು ಸಹಿ ಹಾಕಿಸಿಕೊಂಡ.

ಪರಿಹಾರಕ್ಕೆ ಕೇಸು ಹಾಕಿದಾಗ ಆ ಮಾತು ಎದುರಿಗೆ ಬಂದು ನಿಂತಿತು. ಡ್ರೈವರಿನದೇ ತಪ್ಪು ಎಂದು ತೋರಿಸಿದರೆ ಮಾತ್ರ ಪೂರ್ತಿ ಪರಿಹಾರ. ಕಬ್ಬಿನ ಗಾಡಿಯವನು ಸಾಕ್ಷಿಗೆ ಬರಲೊಲ್ಲ, ಬಸ್ಸಿನಲ್ಲಿದ್ದವರು ಯಾರು ಯಾರೆಂದೇ ಗೊತ್ತಿಲ್ಲ. ಕಣ್ಣಾರೆ ಕಂಡು ಹೇಳಬಲ್ಲವಳು ಇವಳೊಬ್ಬಳೇ, ತಪ್ಪಿಲ್ಲವೆಂದು ಸಹಿ ಹಾಕಿದವಳೂ ಇವಳೇ. ಮುರಿದ ಸೊಂಟದಲ್ಲಿ ಹುಲ್ಲು ಕೊಯ್ಯಲಾಗದೆ ಹಸುಗಳನ್ನು ಆಗಲೇ ಮಾರಿದ್ದಳು. ಮಗಳು ಪ್ರಮೀಳಾ ಹೈಸ್ಕೂಲಿನಲ್ಲಿದ್ದಳು. ಶ್ರೀರಂಗಪಟ್ಟಣದ ವಕೀಲರ ಹತ್ತಿರ ಚಲುವಮ್ಮನ ಜೊತೆ ನಾನೇ ಹೋಗಿದ್ದೆ.

‘ಒಡೀತಿದ್ರು ಸ್ವಾಮಿ, ಬುಡುಸ್ಬೇಕಿತ್ತು, ಅದ್ಕೆ ಅಂದೆ. ಅಂಗೇ ಯೋಳ್ಬುಡ್ತೀನಿ’ ಅಂದಳು.

‘ಹೇಳಮ್ಮ. ಆ ಕಡೆ ವಕೀಲರು ಒಂದೇ ಒಂದು ಕೇಳ್ತಾರೆ. ಅವತ್ತು ಹೇಳಿದ್ದು ಸುಳ್ಳೋ, ಇವತ್ತು ಹೇಳ್ತಿರೋದು ಸುಳ್ಳೋ? ಏನಂತೀಯ?’

ಚಲುವಮ್ಮ ನನ್ನ ಕಡೆ ತಿರುಗಿದಳು. ವಕೀಲರೇ ಮುಂದುವರಿಸಿದರು:

‘ನಾನು ಅಂದೇ ಇಲ್ಲ ಅನ್ನು. ಏನು ಬರ್ಕೊಂಡ್ರೋ ಗೊತ್ತಿಲ್ಲ ಅನ್ನು. ಬೇರೆ ದಾರಿ ಇಲ್ಲ.’

ವಾಪಸ್ಸು ಬರುವಾಗ ಬಸ್ಸಿನಲ್ಲಿ ಹೇಳಿದಳು: ‘ಲಲ್ತಾ, ಅವತ್ತು ಒಂದು ಒಳ್ಳೇ ಮಾತು ಬಾಯಿಗೆ ಬಂದಿತ್ತು ಕಣೆ. ಅದ್ನೇ ಬಂದಿಲ್ಲ ಅನ್ನು ಅಂತಾನಲ್ಲ.’

ಕೋರ್ಟಿನಲ್ಲಿ ‘ಅಂದಿಲ್ಲ’ ಎಂದಳು. ಸಾವಿನ ಮನೆಯೊಳಗಿಂದ ಬೀದಿಗೆ ಕೇಳಿಸುತ್ತಿದ್ದ ಅವಳ ಧ್ವನಿ ಜಡ್ಜರಿಗೆ ಕೇಳಿಸಲಿಲ್ಲ. ಇನ್ನೊಮ್ಮೆ ಹೇಳಿ ಎಂದರು. ಇನ್ನೊಮ್ಮೆ ಹೇಳಿದಳು.

ಮುಂದಿನ ಸಲ ಬಸ್ಸಿನವರ ಕಡೆಯಿಂದ ತಿಮ್ಮರಾಜು ಸಾಕ್ಷಿಗೆ ಬಂದ. ವಿಮಾ ಕಂಪನಿಯ ವಕೀಲರು ಕೇಳಿದರು: ‘ನಿನ್ನ ತಪ್ಪಿಲ್ಲ ಅಂತ ಆಯಮ್ಮನೇ ಕೂಗಿ ಹೇಳಿದ್ರಲ್ಲ, ಕೇಳಿಸ್ಕೊಂಡೆ ತಾನೆ?’ ಹೌದು ಎಂದರೆ ಇವಳ ಕೇಸು ಅಲ್ಲಿಗೆ ಮುಗಿಯಿತು. ತಿಮ್ಮರಾಜು ಇವಳ ಕಡೆ ನೋಡಲಿಲ್ಲ.

‘ಏಟು ಬೀಳ್ತಿದ್ವು ಸ್ವಾಮಿ. ಯಾರೇನಂದ್ರೋ ನಂಗೆ ಕೇಳುಸ್ನಿಲ್ಲ.’

ಹೊರಗೆ ಬಂದ ತಕ್ಷಣ ಬಸ್ಸಿನ ಮಾಲೀಕ ಅವನ ಕೊರಳಪಟ್ಟಿ ಹಿಡಿದ. ‘ನನ್ನ ಅನ್ನ ತಿಂದು ಅವಳ ಕಡೆ ಮಾತಾಡ್ತೀಯೇನ್ಲಾ? ನಾಳೆಯಿಂದ ಬಸ್ಸಿನ ಹತ್ರ ಸುಳೀಬ್ಯಾಡ.’

ತೀರ್ಪು ಚಲುವಮ್ಮನ ಪರವಾಗಿ ಬಂತು. ಕಂಪನಿಯವರು ಹೈಕೋರ್ಟಿಗೆ ಅಪೀಲು ಹೋದರು. ಅದು ಮುಗಿಯುವವರೆಗೆ ಮುಟ್ಟದ ಹಾಗೆ ಕೋರ್ಟಿನವರು ಹಣವನ್ನು ಬ್ಯಾಂಕಿನಲ್ಲಿ ಇಡಿಸಿದರು. ನಮ್ಮ ವಕೀಲರು ಇನ್ನೊಂದು ಎಚ್ಚರಿಕೆಯನ್ನೂ ಹೇಳಿ ಕಳಿಸಿದರು: ಆ ಡ್ರೈವರಿನ ಜೊತೆ ಎಲ್ಲೂ ಮಾತಾಡಬೇಡ, ಇಬ್ಬರೂ ಸೇರಿ ಸುಳ್ಳು ಹೆಣೆದರು ಅಂತಾರೆ.

ಕೆಲಸ ಹೋದ ತಿಮ್ಮರಾಜು ಪಾಂಡವಪುರದ ಬಸ್ ಸ್ಟ್ಯಾಂಡಿನ ಹತ್ತಿರ ಬೆಲ್ಲದ ಮೂಟೆ ಹೊರುತ್ತಿದ್ದ. ನಮ್ಮನ್ನು ಕಂಡರೆ ಮೂಟೆ ಹೊತ್ತೇ ನಿಲ್ಲುತ್ತಿದ್ದ. ಅವನು ‘ಅಕ್ಕ’ ಎನ್ನುವ ಮೊದಲೇ ಇವಳು ಸೆರಗೆಳೆದುಕೊಂಡು, ಕುಂಟುತ್ತ ನನ್ನ ಮರೆಗೆ ಬರುತ್ತಿದ್ದಳು. ‘ನಡಿಯೇ ಬ್ಯಾಗ.’ ಬಸ್ಸು ಹೊರಟ ಮೇಲೆ ಹಿಂದಕ್ಕೆ ತಿರುಗಿ ನೋಡುತ್ತಿದ್ದಳು. ‘ಬಡ್ಡೀಮಗ ಎಂಗೆ ಸೊರಗೋಗವ್ನೆ ನೋಡು. ಕೇಸು ಮುಗೀಲಿ, ಮನೆಗೆ ಕರ್ದು ಒಂದು ಕೋಳಿ ಕುಯ್ದು ಒಟ್ಟೆ ತುಂಬ ಉಣ್ಣಿಕ್ತೀನಿ.’

ಆಮೇಲೆ ಸಾವಿನ ಮನೆಗಳಲ್ಲಿ ಅವಳು ಒಳಗೆ ಹೋಗುತ್ತಿರಲಿಲ್ಲ. ಜಗಲಿಯ ಮೇಲೆ ಕೂತು ಎದ್ದು ಬರುತ್ತಿದ್ದಳು. ಏಕೆಂದು ಒಮ್ಮೆ ಕೇಳಿದೆ. ‘ಒಳಕ್ಕೋಗಿ ಏನನ್ಲಿ? ಆ ಮಾತ್ನ ನಾನೇ ಕೋರ್ಟಲ್ಲಿ ಅಂದಿಲ್ಲ ಅಂದ್ಬುಟ್ಟಿವ್ನಲ್ಲ’ ಎಂದಳು.

ತೊಂಬತ್ತೇಳಾಯಿತು, ಅಪೀಲು ಮುಗಿದಿಲ್ಲ. ಕಳೆದ ತಿಂಗಳು ಕಾಮಾಲೆ ಏರಿ ಚಲುವಮ್ಮ ಹೋದಳು. ಅವತ್ತು ಪ್ರಮೀಳಾಳ ಪಕ್ಕ ನಾನು ಕೂತಿದ್ದೆ. ಹೆಂಗಸರೆಲ್ಲ ನನ್ನ ಮುಖ ನೋಡಿದರು, ಓದಿದವಳು ಏನಾದರೂ ಹೇಳುತ್ತಾಳೆಂದು. ನಾನು ಎದ್ದು ಪ್ರಮೀಳಾಳಿಗೆ ಒಂದು ಲೋಟ ಕಾಫಿ ತಂದೆ.

ಹನ್ನೊಂದನೇ ದಿನದ ತಿಥಿಗೆ, ಯಾರನ್ನೂ ಕೇಳದೆ, ತಿಮ್ಮರಾಜುಗೆ ನಾನೇ ಹೇಳಿ ಕಳಿಸಿದ್ದೆ. ಒಗೆದ ಅಂಗಿ ಹಾಕಿಕೊಂಡು ಬಂದು ಸಾಲಿನ ಕೊನೆಯಲ್ಲಿ ಕೂತ. ಕೇಸು ಇನ್ನು ಪ್ರಮೀಳಾಳ ಹೆಸರಿಗೆ ಬರುವುದಿತ್ತು. ಅವನ ಜೊತೆ ಮಾತು ಬೇಡವೆಂದು ವಕೀಲರು ಅವಳಿಗೂ ಹೇಳಿದ್ದರು. ಅನ್ನದ ಬುಟ್ಟಿ ಹಿಡಿದು ಬಡಿಸುತ್ತ ಬಂದವಳು ಅವನ ಎಲೆಯ ಮುಂದೆ ನಿಂತಳು. ತಲೆ ಎತ್ತಲಿಲ್ಲ. ಅನ್ನ ಹಾಕಿದಳು, ತಡೆದು, ಮತ್ತೆ ಹಾಕಿದಳು.

‘ಸಾಕು ಕಣವ್ವ’ ಎಂದ ತಿಮ್ಮರಾಜು, ಎಲೆಯನ್ನೇ ನೋಡುತ್ತ.

ಅವಳು ಇನ್ನೊಂದು ಸೌಟು ಹಾಕಿ, ಕೇಳಿಸದವಳ ಹಾಗೆ ಬುಟ್ಟಿ ಎತ್ತಿಕೊಂಡು ಒಳಗೆ ಹೋದಳು.