ಹಸಿರು ಬಳೆಯ ಸಾಕ್ಷಿ

ಹೋದ ವಾರ ಒಂದು ಸಂಜೆ, ಶಿರಸಿಯ ನಮ್ಮ ಓಣಿಯಲ್ಲಿ ಎದುರುಮನೆಯವರು ಸೊಳ್ಳೆ ಓಡಿಸಲು ಒದ್ದೆ ತೆಂಗಿನಕಾಯಿ ಸಿಪ್ಪೆಗೆ ಬೆಂಕಿ ಹಾಕಿದರು. ನಾನು ಎದ್ದು ಕಿಟಕಿ ಮುಚ್ಚಿದೆ. ಮುಚ್ಚಿದ ಮೇಲೂ ಅಲ್ಲೇ ನಿಂತು ಕಿವಿಗೊಟ್ಟೆ. ಹೊಗೆ ಬಂದರೆ ಮೂಗು ಮುಚ್ಚುವುದು ಬಿಟ್ಟು ಕಿವಿಗೊಡುವವನನ್ನು ನೀವು ನೋಡಿರಲಿಕ್ಕಿಲ್ಲ. ನನ್ನ ಹೆಂಡತಿ ಬಹಳ ಸಲ ನೋಡಿದ್ದಾಳೆ. ಮೊದಲೆಲ್ಲ ನಗುತ್ತಿದ್ದಳು.

ಅವತ್ತು ಹೆದರಿಕೆಗೆ ಇನ್ನೊಂದು ಕಾರಣವೂ ಇತ್ತು. ಬೆಳಿಗ್ಗೆ ಯಮುನಕ್ಕ ಫೋನ್ ಮಾಡಿ, ಭಾನುವಾರ ಬರುತ್ತೇನೆ, ನಿನ್ನಿಂದ ಒಂದು ಕೆಲಸವಾಗಬೇಕು ಎಂದಿದ್ದಳು. ಹನ್ನೆರಡು ವರ್ಷಗಳ ಮೇಲೆ.

ಯಮುನಕ್ಕ ಯಲ್ಲಾಪುರದವಳು, ಸಿನಿಮಾ ನಿರ್ದೇಶಕಿ. ಎರಡು ಚಿತ್ರ ಮಾಡಿದ್ದಳು. ಎರಡೂ ಹೆಚ್ಚು ದಿನ ಓಡಲಿಲ್ಲ. ನೋಡಿದವರು ಮಾತ್ರ ಮರೆಯಲಿಲ್ಲ. ಮೂರನೆಯದಕ್ಕೆ ದೊಡ್ಡ ನಿರ್ಮಾಪಕರೊಬ್ಬರು ಸಿಕ್ಕಿದ್ದರು. ಚಿತ್ರೀಕರಣ ಕಾನಸೂರಿನ ಹತ್ತಿರದ ಕಾಡಿನಲ್ಲಿ. ನಾನಾಗ ಎಂ.ಎ. ಮುಗಿಸಿ, ಎಲ್ಲವನ್ನೂ ಅನುಮಾನಿಸಲು ಕಲಿತು, ಕೆಲಸ ಮಾತ್ರ ಸಿಗದೆ ಊರಲ್ಲಿದ್ದೆ. ಜಾಗ ತೋರಿಸುವುದು, ಊರವರನ್ನು ಒಪ್ಪಿಸುವುದು ನನ್ನ ಪಾಲಿಗೆ ಬಂತು. ಇಡೀ ತಂಡದಲ್ಲಿ ಕಾಡು ಬಲ್ಲವನು ನಾನೊಬ್ಬನೇ ಎಂದು ಎಲ್ಲರೂ ನಂಬಿದ್ದರು. ಆ ನಂಬಿಕೆ ನನಗೆ ಎಷ್ಟು ಹಿಡಿಸಿತ್ತೆಂದರೆ, ಗೊತ್ತಿಲ್ಲ ಎನ್ನುವ ಮಾತೇ ಬಾಯಿಗೆ ಬರುತ್ತಿರಲಿಲ್ಲ.

ಒಂದು ಬೆಳಿಗ್ಗೆ ಅವಳಿಗೆ ಇಬ್ಬನಿ ಮುಸುಕಿದ ಕಾಡು ಬೇಕಿತ್ತು, ಇಬ್ಬನಿ ಬಿದ್ದಿರಲಿಲ್ಲ. ಕಾಯಿಸಿಪ್ಪೆಯ ಹೊಗೆ ಹಾಕುವುದೆಂದಾಯಿತು. ಅಲ್ಲೇ ಮೇಲೆ, ಎತ್ತರದ ಮರವೊಂದರಲ್ಲಿ, ಹೆಜ್ಜೇನು ಏಳೆಂಟು ಕಡೆ ಹುಟ್ಟು ಕಟ್ಟಿತ್ತು. ಹೊಗೆ ಎದ್ದು ಸ್ವಲ್ಪ ಹೊತ್ತಿಗೆ ಆಕಾಶವೇ ಗುಂಯ್ ಎಂದಿತು. ಎಲ್ಲರೂ ದಿಕ್ಕಾಪಾಲಾಗಿ ಓಡಿದೆವು. ತ್ಯಾಗಲಿಯ ಮಂಜಣ್ಣ ಓಡಲಿಲ್ಲ. ಅವರದು ಕಾಲು ಮುರಿದ ಅಜ್ಜನ ಪಾತ್ರ. ಮೊಣಕಾಲಿಗೆ ಬಿದಿರಿನ ದಬ್ಬೆ ಬಿಗಿದು ಕೂರಿಸಿದ್ದರು. ಮೂರನೆಯ ದಿನ ಆಸ್ಪತ್ರೆಯಲ್ಲಿ ತೀರಿಕೊಂಡರು.

ಆಸ್ಪತ್ರೆಯ ಹೊರಗೆ ಯಾರೋ ನನ್ನ ತೋಳು ಹಿಡಿದು, ನೀ ಇಲ್ಲಿಯವನೇ ಅಲ್ಲವಾ, ಮೊದಲೇ ಎಚ್ಚರಿಸಲಿಲ್ಲವಾ ಎಂದು ಕೇಳಿದರು.

"ಹೇಳಿದ್ದೆ. ಯಮುನಕ್ಕ ಕಿವಿಗೇ ಹಾಕ್ಕಂಡಿದ್ದಿಲ್ಲೆ" ಎಂದೆ.

ಅಷ್ಟೇ. ಆ ಮಾತು ಬಸ್ಸಿಗಿಂತ ಬೇಗ ಬೆಂಗಳೂರು ಮುಟ್ಟಿತು. ನಿರ್ಮಾಪಕರು ಕೈಬಿಟ್ಟರು. ಯಾರ ಮಾತಿಗೂ ಬಗ್ಗದ ಗಂಡಸು ನಿರ್ದೇಶಕನಾದರೆ ಅವನನ್ನು ಹಟವಾದಿ ಕಲಾವಿದ ಎಂದು ಮೆಚ್ಚುತ್ತಾರೆ. ಇವಳಿಗೆ ಸೊಕ್ಕಿನಿಂದ ಒಬ್ಬರ ಜೀವ ತೆಗೆದವಳು ಎಂಬ ಹೆಸರು ಅಂಟಿತು. ಆಮೇಲೆ ಅವಳು ಮದುವೆಯ ವಿಡಿಯೊ ತೆಗೆದಳು, ಸೀರೆ ಅಂಗಡಿಗಳ ಜಾಹೀರಾತು ಮಾಡಿದಳು, ಯಾರ್‍ಯಾರದೋ ಚಿತ್ರಗಳನ್ನು ಹೆಸರಿಲ್ಲದೆ ತಿದ್ದಿಕೊಟ್ಟಳು. ನನಗೆ ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡುವ ಕೆಲಸ ಸಿಕ್ಕಿತು. ಕಣ್ಣಾರೆ ಕಂಡೆ ಎನ್ನುವವನನ್ನು ಮೊದಲು ಅನುಮಾನಿಸಿ ಎಂದು ಪ್ರತಿ ವರ್ಷ ಮಕ್ಕಳಿಗೆ ಹೇಳುತ್ತೇನೆ. ನನ್ನ ಸಾಕ್ಷ್ಯ ಮಾತ್ರ ವರ್ಷದಿಂದ ವರ್ಷಕ್ಕೆ ಹೊಳಪೇರುತ್ತ ಹೋಯಿತು. ನಾನು ಮರದ ಕಡೆ ಬೆರಳು ತೋರಿಸಿದ್ದು, ಅವಳು ಸಾಕು ಸುಮ್ಮನಿರು ಎನ್ನುವಂತೆ ಕೈ ಬೀಸಿದ್ದು, ಆ ಕೈಯ ಹಸಿರು ಬಳೆ ಸದ್ದು ಮಾಡಿದ್ದು. ಬಳೆಯ ಬಣ್ಣದವರೆಗೆ ನೆನಪಿರುವಾಗ ಅದು ಸುಳ್ಳಾದೀತು ಹೇಗೆ, ನೀವೇ ಹೇಳಿ.

ಭಾನುವಾರ ಬಂದಳು. ಕೂದಲು ಪೂರ್ತಿ ಬೆಳ್ಳಗಾಗಿತ್ತು. ಆ ಬೆಳಗಿನ ಬಗ್ಗೆಯೇ ಒಂದು ಚಿತ್ರ ಮಾಡುತ್ತಿದ್ದಾಳಂತೆ. ಮಂಜಣ್ಣನ ಮಗಳು ಒಪ್ಪಿದ್ದಾಳಂತೆ. ಸದ್ದು ಮುದ್ರಿಸುತ್ತಿದ್ದವರ ಮನೆಯಲ್ಲಿ ಹಳೆಯ ಹಾರ್ಡ್ ಡಿಸ್ಕ್ ಸಿಕ್ಕಿದೆಯಂತೆ. ಆ ಬೆಳಗಿನ ಸದ್ದನ್ನು ಫೋನಿಗೆ ಹಾಕಿಸಿಕೊಂಡು ತಂದಿದ್ದಳು.

"ನೀ ಹೇಳಿದ್ದು ಇದ್ರಲ್ಲಿ ಇಕ್ಕು. ಆನು ಇನ್ನೂ ಹಾಕಿ ನೋಡಿದ್ನಿಲ್ಲೆ, ಧೈರ್ಯ ಆಜಿಲ್ಲೆ" ಎಂದಳು. "ಅಂಥಾ ಮಾತು ಎನ್ನ ಕಿವಿಗೆ ಎಂತಕ್ಕೆ ಬಿದ್ದಿದ್ದಿಲ್ಲೆ ಹೇಳಿ ಗೊತ್ತಾಗವು."

ಅದು ಅವಳಿಗೆ ಗೊತ್ತಾಗಲೇಬೇಕಂತೆ. ಈಗಲೂ ಕೆಲಸದ ಜಾಗದಲ್ಲಿ ಯಾರು ಏನು ಹೇಳಿದರೂ ಎರಡು ಸಲ ಹೇಳಿಸುತ್ತಾಳಂತೆ, ತನ್ನ ಕಿವಿಯ ಮೇಲೆ ನಂಬಿಕೆಯಿಲ್ಲ. ಊರು ನನ್ನ ಮಾತು ನಂಬಿತ್ತು, ಸರಿ. ಅವಳೂ ನಂಬಿದ್ದಳು.

ಚಹಾದ ಲೋಟ ಹಿಡಿದ ಅವಳ ಕೈ ಬರಿದಾಗಿತ್ತು. ಬಳೆ ಯಾವಾಗ ಬಿಟ್ಟೆ ಎಂದು ಕೇಳಿದೆ. ಅವಳಿಗೆ ನಗು ಬಂತು.

"ಬಳೆ ಹಾಕ್ಕಂಡು ಸೆಟ್ಟಿಗೆ ಹೋದ್ರೆ ಸೌಂಡಿನವು ಹೊರಗೆ ಹಾಕ್ತ. ಎಂದಾದ್ರೂ ಹಾಕಿದ್ದು ನೋಡಿದ್ಯಾ ಮಾರಾಯಾ?"

ಕಿಟಕಿ ಮುಚ್ಚಿತ್ತು. ಆದರೂ ಗುಂಯ್ ಎಂಬ ಸದ್ದು ಎಲ್ಲಿಂದಲೋ ಏಳತೊಡಗಿತು. ಅವಳು ಇಯರ್‌ಫೋನಿನ ಒಂದು ತುದಿಯನ್ನು ತನ್ನ ಕಿವಿಗೆ ಸಿಕ್ಕಿಸಿ ಇನ್ನೊಂದನ್ನು ನನಗೆ ಕೊಟ್ಟಳು.

"ಹಾಕಡ ಯಮುನಕ್ಕ" ಎಂದು ತಡೆದೆ. "ಆನು ಹೇಳಿದ್ನಿಲ್ಲೆ ಕಾಣ್ತು."

ಆಗಲೂ ಆ 'ಕಾಣ್ತು', ಆ 'ಇರಬೇಕು', ಬಿಡಲಿಲ್ಲ ನೋಡಿ. ಅವಳು ಹಾಕಿದಳು.

ಮೊದಲು ಹಕ್ಕಿಗಳು. ಮಂಜಣ್ಣನ ಕೆಮ್ಮು. ಆಮೇಲೆ ಅವಳದೇ ಧ್ವನಿ: ಮೇಲೆ ಜೇನಿದ್ದಲ, ಹೊಗೆ ಹಾಕಲಕ್ಕಾ? ಅದಕ್ಕೆ ಉತ್ತರವಾಗಿ, ಎಲ್ಲ ಬಲ್ಲವನ ಉತ್ಸಾಹದಲ್ಲಿ, ಒಬ್ಬ ಪಡ್ಡೆ ಹುಡುಗ:

"ಎಂತದೂ ಆಗ್ತಿಲ್ಲೆ. ಹೊಗೆ ತೋರ್ಸಿದ್ರೆ ಜೇನು ತಣ್ಣಗಾಗ್ತು. ಮನೇಲಿ ಆನೇ ಮಾಡ್ತೆ."

ಮಾಡುತ್ತಿದ್ದುದು ನಿಜ. ನಮ್ಮ ಮನೆಯಲ್ಲಿ ಪೆಟ್ಟಿಗೆಯ ತುಡುವೆ ಜೇನು ಸಾಕಿದ್ದರು. ಚಿಂದಿಬಟ್ಟೆಯ ಹೊಗೆ ಊದಿದರೆ ಸಾಧುವಾಗುತ್ತಿತ್ತು. ಅಂಗಳದ ಪೆಟ್ಟಿಗೆಯಿಂದ ಕಲಿತದ್ದನ್ನು ನಾನು ಕಾಡಿನ ಹೆಜ್ಜೇನಿಗೂ ಹೊಂದುತ್ತದೆಂದು ಹೇಳಿದ್ದೆ.

ಅವಳು ಇಯರ್‌ಫೋನ್ ತೆಗೆದು ಮಡಿಲಲ್ಲಿಟ್ಟುಕೊಂಡಳು. ಬೈಯಲಿ ಎಂದು ಕಾದೆ. ನನಗಲ್ಲ ಎಂಬಂತೆ, "ಹಂಗಾರೆ ಎನ್ನ ಕಿವಿ ಸರಿ ಇತ್ತು" ಎಂದಳು.

ಹೊರಡುವಾಗ ಕೇಳಿದಳು, "ಇದ್ನ ಕ್ಯಾಮೆರಾ ಎದ್ರಿಗೆ ಹೇಳ್ತ್ಯಾ? ಮಂಜಣ್ಣನ ಮಗಳೂ ಇರ್ತು."

ಹೇಳುತ್ತೇನೆ ಎಂದೆ. ಚಿತ್ರೀಕರಣ ನಾಳೆ ಬೆಳಿಗ್ಗೆ, ಕಾನಸೂರಿನಲ್ಲಿ, ಅದೇ ಮರದ ಹತ್ತಿರ.

ಈ ಸಂಜೆ ಎದುರುಮನೆಯವರು ಮತ್ತೆ ಸಿಪ್ಪೆ ಹೊತ್ತಿಸಿದ್ದಾರೆ. ಕಿಟಕಿ ತೆರೆದೇ ಇದೆ. ಜೇನಿನ ಸದ್ದಿಲ್ಲ, ಅದರ ಜಾಗದಲ್ಲಿ ಒಂದು ಸಮಾಧಾನದ ದನಿ ಶುರುವಾಗಿದೆ. ಅದಕ್ಕೂ ಮೊದಲು ನೀನು ಎಚ್ಚರಿಸಿದ್ದೆಯಲ್ಲ, ಆಗ ರೆಕಾರ್ಡಿಂಗ್ ಇನ್ನೂ ಶುರುವಾಗಿರಲಿಲ್ಲವೇನೋ, ಎನ್ನುತ್ತಿದೆ. ಕೇಳಲು ಹಿತವಾಗಿದೆ. ನನಗೀಗ ಭಯ ಆ ಹಿತದ್ದು. ನಾಳೆಯೊಳಗೆ ಇನ್ನೊಂದು ಬಳೆ ಹುಟ್ಟಿಕೊಳ್ಳುವ ಮೊದಲು ಇದನ್ನು ಬರೆದು ನಿಮ್ಮ ಕೈಗೆ ಕೊಟ್ಟಿದ್ದೇನೆ.