ನೇಗಿಲು ಎತ್ತುವ ಜಾಗ

ನಂದಗುಡಿ ಕಡೆಯ ನಮ್ಮೂರಿನಲ್ಲಿ ಚರ್ಚಿನ ಸಮಾಧಿ ಜಾಗಕ್ಕೆ ಹೋಗುವ ಕಾಲುದಾರಿ ಒಂದು ರಾಗಿ ಹೊಲದ ನಡುವೆ ಹಾಯುತ್ತದೆ. ನಕ್ಷೆಯಲ್ಲಿ ಅದು ಇಲ್ಲ. ಹೊಲ ಉಳುವವರು ಆ ದಾರಿ ಬಂದಾಗ ನೇಗಿಲು ಎತ್ತಿ, ದಾಟಿಸಿ, ಆಚೆಗೆ ಇಳಿಸುತ್ತಾರೆ. ಎತ್ತುಗಳು ಹೋಗಿ ಟ್ರ್ಯಾಕ್ಟರ್ ಬಂದ ಮೇಲೂ ಹಾಗೆಯೇ. ನಮ್ಮ ಹಕ್ಕು ಎಂದರೆ ಅಷ್ಟೇ.

ಹಾಸ್ಟೆಲ್ ವಾರ್ಡನ್ ಆಗಿದ್ದವನು ನಾನು. ಗಂಟೆ ಹೊಡೆದಂತೆ ಬದುಕಿ ಅಭ್ಯಾಸ. ಶನಿವಾರ ಬೆಳಿಗ್ಗೆ ಕಾಫಿ ಮುಗಿಸಿ, ಪೊರಕೆ ಹಿಡಿದು, ಹೆಂಡತಿಯ ಸಮಾಧಿ ಗುಡಿಸಲು ಹೋಗುತ್ತೇನೆ. ಆ ಹೊಲವನ್ನು ಹೂವು ಬೆಳೆಯುವವರೊಬ್ಬರು ಕೊಂಡು ಸುತ್ತ ಬೇಲಿ ಹಾಕುತ್ತಾರಂತೆ ಎಂದು ಕೇಳಿದ ದಿನ ಊಟ ಸೇರಲಿಲ್ಲ.

ಬದುವಿನ ನೆರೆಯವರನ್ನು ಕೇಳದೆ ಭೂಮಿ ಮಾರಬಾರದೆಂಬುದು ನಮ್ಮ ಕಡೆಯ ಪದ್ಧತಿ. ಸಮಾಧಿ ಜಾಗ ಆ ಹೊಲಕ್ಕೆ ಅಂಟಿಕೊಂಡಿದೆ, ನಾನು ಚರ್ಚಿನ ಸಭೆಯ ಹಿರಿಯ. ಹಾಗಾಗಿ ಹೊಲದೊಡತಿ ಎಲೆ ಅಡಿಕೆ ಹಿಡಿದು ಮನೆಗೆ ಬಂದಳು. ಟೀಚರಾಗಿದ್ದ ನನ್ನ ಹೆಂಡತಿಯ ಕೈಯಲ್ಲಿ ಅಕ್ಷರ ಕಲಿತವಳು.

“ಹೊಲ ಕೊಳ್ಳೋ ಶಕ್ತಿ ನಮಗಿಲ್ಲ ಕಣಮ್ಮ. ದಾರಿ ಒಂದಕ್ಕೆ ಬೆಲೆ ಹೇಳು,” ಎಂದೆ.

ಆಕೆಯ ಮುಖ ಗಂಟಾಯಿತು. “ಏನ್ ಮೇಷ್ಟ್ರೇ, ವಯಸ್ಸಾದಂಗೆ ಬುದ್ಧಿ ಕಮ್ಮಿ ಆಯ್ತಾ? ದುಡ್ಡು ಈಸ್ಕೊಂಡ್ರೆ ದಾರಿ ನಂದು ಅಂತಾಯ್ತದೆ. ನಮ್ಮಜ್ಜ ಬಿಟ್ಟಿದ್ದನ್ನ ಮಾರಕ್ಕೆ ನಾನ್ಯಾವಳು? ಕಾಫಿ ಕೊಡ್ತೀರೋ, ಅದಕ್ಕೂ ಗಂಟೆ ಹೊಡೀಬೇಕೋ?”

ಕಾಫಿ ಕೊಟ್ಟೆ.

ಆಕೆ ದಾರಿಯನ್ನು ಹೊರಗಿಟ್ಟು ಕ್ರಯಪತ್ರ ಮಾಡಿಸಿದ್ದಕ್ಕೆ ಕೊಳ್ಳುವವರು ಬೆಲೆ ಇಳಿಸಿದರಂತೆ. ಅದನ್ನು ಆಕೆ ಹೇಳಲಿಲ್ಲ, ಊರವರು ಹೇಳಿದರು. ಬೈಬಲಿನ ಕಾಲದಲ್ಲಿ ಕೈತಪ್ಪಿದ ಹೊಲವನ್ನು ಹತ್ತಿರದ ನೆಂಟ ಬೆಲೆ ತೆತ್ತು ಬಿಡಿಸುತ್ತಿದ್ದಂತೆ ಕ್ರಿಸ್ತನು ನಮ್ಮನ್ನು ಬಿಡಿಸಿದನೆಂದು ಸಂಡೇ ಸ್ಕೂಲಿನಲ್ಲಿ ವರ್ಷಗಟ್ಟಲೆ ಪಾಠ ಹೇಳಿದ್ದೇನೆ. ಬಿಡುಗಡೆಯಾದವರ ಹತ್ತಿರ ಆ ಬೆಲೆ ಯಾರೂ ಕೇಳುವುದಿಲ್ಲ ಎಂದೂ ಹೇಳಿದ್ದೆ. ಆದರೂ ಆಕೆ ಎಲೆ ಅಡಿಕೆ ತಂದ ದಿನ ಕೈ ತಾನಾಗಿಯೇ ಜೇಬಿಗೆ ಹೋಗಿತ್ತು.

ಹೊಸಬರು ಮೊದಲ ಸಲ ಉತ್ತದ್ದು ಒಂದು ಶನಿವಾರ. ಪೊರಕೆ ಹಿಡಿದು ದಾರಿಯ ತುದಿಯಲ್ಲೇ ನಿಂತೆ. ಡ್ರೈವರ್ ಬೇರೆ ಊರಿನವನು. ಟ್ರ್ಯಾಕ್ಟರ್ ನೇರ ದಾರಿಯ ಕಡೆಗೇ ಬರುತ್ತಿತ್ತು. ಅಷ್ಟರಲ್ಲಿ, ಹೊಲ ಮಾರಿದವಳು ಆಚೆ ಬದುವಿನಿಂದ ಕೂಗಿದಳು:

“ಏಯ್, ನೇಗಿಲು ಎತ್ತಪ್ಪಾ! ಅಲ್ಲಿ ನಮ್ ಮೇಡಮ್ಮೋರು ಅವ್ರೆ. ತಪ್ ಮಾಡಿದ್ರೆ ಬೆಂಚ್ ಮೇಲೆ ನಿಲ್ಲಿಸ್ತಾರೆ!”

ನೇಗಿಲು ಎದ್ದಿತು, ದಾರಿ ದಾಟಿತು, ಮತ್ತೆ ಮಣ್ಣಿಗಿಳಿಯಿತು. ನಾನು ಬೇಗ ಬೇಗ ಹೆಜ್ಜೆ ಹಾಕಿದೆ. ಗುಡಿಸುವ ಹೊತ್ತು ಆಗಲೇ ಮೀರಿತ್ತು.