ಎಂಬತ್ತೇಳು ಕಂತು ಹಾಸಿಗೆಯಲ್ಲಿ

ಟೇಕಮ್ಮನ ಬಾಯಿ ಮುಚ್ಚಿಸಲು ಧಾರಾವಾಹಿಯ ನಿರ್ದೇಶಕ ಹೂಡಿದ ಉಪಾಯ ಬಲು ಸುಲಭದ್ದು. ಆಕೆ ಮಾಡುತ್ತಿದ್ದ ಅತ್ತೆಯ ಪಾತ್ರವನ್ನು ಮೆಟ್ಟಿಲ ಮೇಲಿಂದ ಉರುಳಿಸಿ ಕೋಮಾಕ್ಕೆ ಕಳಿಸಿಬಿಟ್ಟ. ಅಂದಿನಿಂದ ಆಕೆ ದಿನವೂ ಬೆಳಗ್ಗೆ ಒಂಬತ್ತಕ್ಕೆ ಬಂದು, ಮುಖಕ್ಕೆ ಬಿಳುಚು ಬಣ್ಣ ಬಳಿಸಿಕೊಂಡು, ಮೂಗಿಗೆ ನಳಿಗೆ ಅಂಟಿಸಿಕೊಂಡು, ಸಂಜೆಯವರೆಗೆ ಕಣ್ಣು ಮುಚ್ಚಿ ಮಲಗಬೇಕು. ಮಾತಿಲ್ಲ, ಕತೆಯಿಲ್ಲ.

ಮಾಡಿದ ತಪ್ಪಾದರೂ ಏನು? ಸೊಸೆಗೆ ಹೇಳಬೇಕಿದ್ದ ಒಂದು ಸಾಲನ್ನು ಹೇಳುವುದಿಲ್ಲ ಎಂದಿದ್ದಳು. "ಮಕ್ಕಳಾಗದವಳಿಗೆ ಈ ಮನೆಯಲ್ಲೇನು ಕೆಲಸ?" ಇದನ್ನು ನಾಟಕದಲ್ಲಿ ಹೇಳಿದ್ದಳು, ಸಿನಿಮಾದಲ್ಲಿ ಹೇಳಿದ್ದಳು, ಟೀವಿಯಲ್ಲಿ ಮೂರು ಮನೆಯ ಅತ್ತೆಯಾಗಿ ಹೇಳಿದ್ದಳು. ಒಮ್ಮೆ ಬಸ್ಸಿನಲ್ಲಿ ಪಕ್ಕಕ್ಕೆ ಕೂತ ಹೆಂಗಸೊಬ್ಬಳು, ನಿಮ್ಮ ಆ ಮಾತನ್ನು ನಮ್ಮತ್ತೆ ಬಾಯಿಪಾಠ ಮಾಡಿಕೊಂಡಿದ್ದಾರೆ ಎಂದು ನಕ್ಕಳು. ನಗುವಾಗ ಅವಳ ಕಣ್ಣು ತುಂಬಿತ್ತು. ಟೇಕಮ್ಮನಿಗೆ ನಾಚಿಕೆಯಾಯಿತು. ಮರುವಾರವೇ ಅದೇ ಸಾಲು ಮತ್ತೆ ಕೈಗೆ ಬಂದಾಗ ಹಾಳೆಯನ್ನು ಮಡಚಿ ವಾಪಸು ಕೊಟ್ಟಳು.

ಹಾಗೆಂದು ಆಕೆ ತಕರಾರಿನ ಹೆಂಗಸೇನಲ್ಲ. ಅಪ್ಪ ನಾಟಕ ಕಂಪನಿಯ ಪರದೆ ಬರೆಯುವವನು. ಹನ್ನೊಂದನೇ ವಯಸ್ಸಿಗೆ, ಯಾರಿಗೋ ಜ್ವರ ಬಂತೆಂದು ಇವಳನ್ನು ರಂಗಕ್ಕೆ ತಳ್ಳಿದರು. ಹತ್ತೊಂಬತ್ತಕ್ಕೆ, ರಾಜನ ಪಾತ್ರದವನ ಗಂಟಲು ಕಟ್ಟಿದ ದಿನ, ಮೀಸೆ ಅಂಟಿಸಿಕೊಂಡು ಮೂರು ಅಂಕ ರಾಜ್ಯಭಾರ ಮಾಡಿದಳು. ಇಪ್ಪತ್ತೆಂಟಕ್ಕೆ ಸಿನಿಮಾದಲ್ಲಿ ತಾಯಿಯಾದಳು. ಮಗನಾಗಿದ್ದ ನಾಯಕ ಇವಳಿಗಿಂತ ಆರು ವರ್ಷ ದೊಡ್ಡವನು. ಅವನ ತಲೆ ನೇವರಿಸಿದರೆ ಕೂದಲಿನ ಕಪ್ಪು ಇವಳ ಅಂಗೈಗೆ ಮೆತ್ತುತ್ತಿತ್ತು. ಆಮೇಲೆ ವಕೀಲೆ, ಕಳ್ಳಿ, ದೆವ್ವ, ಡಾಕ್ಟರು, ಕೊನೆಗೆ ಟೀವಿಗೆ ಬಂದು ಅತ್ತೆ. ಯಾವುದಕ್ಕೂ ಎರಡನೇ ಟೇಕ್ ಬೇಕಾಗುತ್ತಿರಲಿಲ್ಲವಾದ್ದರಿಂದ ಲೈಟಿನವರು ಇಟ್ಟ ಹೆಸರು ಟೇಕಮ್ಮ.

ಅಂಥವಳು ಈಗ ಕೊರಡಿನ ಹಾಗೆ ಬಿದ್ದಿರುವುದನ್ನು ನೋಡಿ ಮಗಳಿಗೆ ಹೊಟ್ಟೆ ಉರಿಯಿತು. ಮಗಳು ನರ್ಸು. ಬಿಟ್ಟು ಬಾ, ನನ್ನ ಸಂಬಳ ಇಬ್ಬರಿಗೂ ಸಾಕು ಎಂದಳು.

"ನಾನು ಎದ್ದು ಹೋದ್ರೆ ಅವನಿಗೆ ಹಬ್ಬ ಕಣೇ. ಎದ್ರೆ ಕ್ಯಾಮೆರಾ ಮುಂದೇನೇ ಏಳ್ತೀನಿ," ಎಂದಳು ತಾಯಿ. "ಅದಿರ್ಲಿ, ಕೋಮಾದಲ್ಲಿರೋರ ಪಾದ ಹೇಗಿರತ್ತೆ, ತೋರ್ಸು."

ಮಗಳು ಗೊಣಗುತ್ತಲೇ ತೋರಿಸಿದಳು. ಪಾದ ಸರಿಹೋಯಿತು, ಉಸಿರು ಸರಿಹೋಯಿತು. ಸುಮ್ಮನೆ ಮಲಗಿದ್ದ ಮುದುಕಿಯ ಮುಖದಿಂದ ನೋಡುವವರಿಗೆ ಕಣ್ಣು ಕೀಳಲಾಗದೆ, ಅತ್ತೆ ಏಳುವುದು ಯಾವಾಗ ಎಂದು ಪತ್ರಗಳು ಬರತೊಡಗಿದವು. ನಿರ್ದೇಶಕನಿಗೆ ಅದು ಇನ್ನಷ್ಟು ಉರಿ ಹತ್ತಿಸಿತು.

ಅತ್ತೆ ಹಾಸಿಗೆ ಹಿಡಿದ ಎಂಬತ್ತೇಳನೇ ಕಂತಿನ ದಿನ ಅವನು ಟೇಕಮ್ಮನ ಫೋಟೋಗೆ ಕಟ್ಟು ಹಾಕಿಸಿಕೊಂಡೇ ಬಂದ. ಇವತ್ತು ಅತ್ತೆ ಸಾಯುತ್ತಾಳೆ, ನಾಳೆಯಿಂದ ಫೋಟೋ ಗೋಡೆಗೆ ಎಂದ. ಆಕೆಗೆ ನಿಜಕ್ಕೂ ಹೆದರಿಕೆಯಾಯಿತು. ಈ ವಯಸ್ಸಿನಲ್ಲಿ ಒಮ್ಮೆ ಗೋಡೆ ಹತ್ತಿದವಳನ್ನು ಮತ್ತೆ ಯಾರೂ ಕರೆಯುವುದಿಲ್ಲ. ಆದರೆ ಒಂದು ವಿಷಯ ಅವಳಿಗೆ ಚೆನ್ನಾಗಿ ಗೊತ್ತಿತ್ತು: ಇಂದು ತೆಗೆದದ್ದು ಇಂದೇ ರಾತ್ರಿ ಪ್ರಸಾರ. ಸಾವಿನ ದೃಶ್ಯವನ್ನು ಕೊನೆಗಿಟ್ಟಿದ್ದರು. ಎಡಿಟರ್ ಪಕ್ಕದ ಕೋಣೆಯಲ್ಲಿ ಗಡಿಯಾರ ನೋಡುತ್ತ ಕೂತಿದ್ದ.

ಕ್ಯಾಮೆರಾ ಓಡಿತು. ಡಾಕ್ಟರ್ ಪಾತ್ರದವನು ನಾಡಿ ಹಿಡಿದು ತಲೆಯಾಡಿಸಿದ. ಸೊಸೆಯ ಪಾತ್ರದ ಹುಡುಗಿ ಗೋಳೋ ಎಂದು ಎದೆಯ ಮೇಲೆ ಬಿದ್ದಳು. ಆಗ ಟೇಕಮ್ಮ ಬೆರಳು ಆಡಿಸಿದಳು, ಕಣ್ಣು ಬಿಟ್ಟಳು, ಹುಡುಗಿಯ ಕೆನ್ನೆ ಒರೆಸಿ ಅವಳನ್ನು ಪಕ್ಕದಲ್ಲಿ ಕೂರಿಸಿಕೊಂಡಳು. ಹುಡುಗಿ ಒಂದು ಕ್ಷಣ ತಬ್ಬಿಬ್ಬಾದಳು. ನಿಲ್ಲಿಸಬಹುದಿತ್ತು, ನಿಲ್ಲಿಸಲಿಲ್ಲ. "ಅತ್ತೇ, ಎದ್ರಾ?" ಎಂದು ಕೈ ಗಟ್ಟಿಯಾಗಿ ಹಿಡಿದಳು. ಕ್ಯಾಮೆರಾದವನೂ ನಿಲ್ಲಿಸಲಿಲ್ಲ.

ನಿರ್ದೇಶಕ ಕಟ್ ಎಂದು ಕೂಗಿ ಮೈಮೇಲೇ ಬಂದ. ನೀವು ಸಾಯಬೇಕಿತ್ತು ಎಂದ.

"ನಾಟಕದಲ್ಲಿ ಮುನ್ನೂರು ಸಲ ಸತ್ತಿದೀನಿ. ಸಾಯಕ್ಕೆ ಬರಲ್ಲ ಅಂತಲ್ಲ," ಎಂದಳು ಟೇಕಮ್ಮ.

ಎಡಿಟರ್ ಬಾಗಿಲಲ್ಲಿ ತಲೆ ಹಾಕಿ, ಇನ್ನೊಂದು ಟೇಕಿಗೆ ಹೊತ್ತಿಲ್ಲ, ಇದನ್ನೇ ಕಳಿಸಲೇ ಎಂದು ಕೇಳಿದ. ನಿರ್ದೇಶಕ ಗಡಿಯಾರ ನೋಡಿದ, ಹಾಸಿಗೆ ನೋಡಿದ, ಕೊನೆಗೆ ಕಳಿಸು ಎಂಬಂತೆ ಕೈ ಬೀಸಿದ.

ಟೇಕಮ್ಮ ಮೂಗಿನ ನಳಿಗೆ ಕಿತ್ತು ಅವನ ಕೈಗಿಟ್ಟಳು.

"ನಾಳೆಗೆ ಮಾತು ಬರೆಸಪ್ಪ. ಅದೊಂದು ಸಾಲು ಬಿಟ್ಟು ಏನ್ ಬೇಕಾದ್ರೂ ಹೇಳ್ತೀನಿ."